ನೆಬ್ಯುಲೈಸರ್ ಹಾಕಿದರೂ ಗೊರಗೊರ ನಿಲ್ಲುತ್ತಿಲ್ಲ, ಯಾಕೆ?

ಓದುಗರ ಪ್ರಶ್ನೆಗಳಿಗೆ ಮಕ್ಕಳ ಶ್ವಾಸಕೋಶದ ಚಿಕಿತ್ಸೆಯಲ್ಲಿ ತೊಡಗಿರುವ ವೈದ್ಯರು ಮತ್ತು ನರ್ಸ್‌ಗಳ ಉತ್ತರ. ಈ ಸಲದ ವಿಷಯ ಎರಡು ವರ್ಷದೊಳಗಿನ ಮಕ್ಕಳಿಗೆ ಬರುವ ಬ್ರಾಂಕಿಯೋಲೈಟಿಸ್ (ಸಣ್ಣ ಶ್ವಾಸನಾಳಗಳ ವೈರಸ್ ಸೋಂಕು) ಮತ್ತು ಔಷಧವನ್ನು ಮಂಜಾಗಿಸಿ ಉಸಿರಿಗೆ ಕೊಡುವ ಯಂತ್ರವಾದ ನೆಬ್ಯುಲೈಸರ್‌ನ ಬಳಕೆ.

ಪ್ರಶ್ನೆ: ಐದು ತಿಂಗಳ ಮಗಳಿಗೆ ನೆಗಡಿ ಆಗಿ ಮೂರನೇ ದಿನಕ್ಕೆ ಎದೆಯಲ್ಲಿ ಸುಂಯ್ ಎನ್ನುವ ಸದ್ದು ಶುರುವಾಯಿತು. ವೈದ್ಯರು ಬ್ರಾಂಕಿಯೋಲೈಟಿಸ್ ಎಂದರು, ಆದರೆ ನೆಬ್ಯುಲೈಸರ್ ಬೇಡ ಎಂದು ಹೇಳಿ ಮೂಗಿಗೆ ಹನಿ ಮಾತ್ರ ಬರೆದುಕೊಟ್ಟು ಕಳಿಸಿದರು. ಅಕ್ಕನ ಮಗನಿಗೆ ಇದೇ ಸದ್ದು ಬಂದಾಗಲೆಲ್ಲ ನೆಬ್ಯುಲೈಸರ್ ಹಾಕುತ್ತಾರೆ, ಹತ್ತು ನಿಮಿಷದಲ್ಲಿ ಗುಣ ಕಾಣುತ್ತದೆ. ನಮಗೆ ಯಾಕೆ ಕೊಡಲಿಲ್ಲ?

ಉತ್ತರ: ಸದ್ದು ಒಂದೇ ಥರ ಕೇಳಿಸಿದರೂ ಅದು ಹುಟ್ಟುವ ಕಾರಣ ಬೇರೆ ಬೇರೆ. ನಿಮ್ಮ ಅಕ್ಕನ ಮಗನಿಗೆ ಇರುವುದು ಅಸ್ತಮಾದಂಥ ತೊಂದರೆ ಆಗಿದ್ದರೆ, ಅಲ್ಲಿ ಶ್ವಾಸನಾಳದ ಸುತ್ತ ಇರುವ ಸ್ನಾಯು ಬಿಗಿದುಕೊಂಡಿರುತ್ತದೆ. ನೆಬ್ಯುಲೈಸರ್‌ಗೆ ಹಾಕುವ ಸಾಲ್ಬುಟಮಾಲ್ ಎಂಬ ಔಷಧ ಆ ಸ್ನಾಯುವನ್ನು ಸಡಿಲಿಸುತ್ತದೆ, ದಾರಿ ತೆರೆದುಕೊಳ್ಳುತ್ತದೆ, ಸದ್ದು ಇಳಿಯುತ್ತದೆ. ಬ್ರಾಂಕಿಯೋಲೈಟಿಸ್‌ನಲ್ಲಿ ಮುಖ್ಯವಾಗಿ ನಡೆಯುವುದು ಬೇರೆಯೇ. ವೈರಸ್ (ಬಹುಪಾಲು ಆರ್‌ಎಸ್‌ವಿ, ಕೆಲವೊಮ್ಮೆ ರೈನೋವೈರಸ್ ಅಥವಾ ಮೆಟಾನ್ಯುಮೋವೈರಸ್) ಅತಿ ಸಣ್ಣ ಶ್ವಾಸನಾಳಗಳ ಒಳಪದರವನ್ನೇ ಹಾಳುಮಾಡುತ್ತದೆ. ಸತ್ತ ಜೀವಕೋಶ, ಲೋಳೆ ಮತ್ತು ಉರಿಯೂತದ ದ್ರವ ಸೇರಿ ಗಂಟಾಗಿ ಕೊಳವೆಯನ್ನು ಮುಚ್ಚುತ್ತವೆ, ಗೋಡೆಯೂ ಊದಿಕೊಳ್ಳುತ್ತದೆ. ಕಫವನ್ನು ಮೇಲಕ್ಕೆ ತಳ್ಳಬೇಕಾದ ಸೂಕ್ಷ್ಮ ರೋಮಗಳೂ ಉದುರಿಹೋಗಿರುತ್ತವೆ.

ಕೊಳವೆಯ ತ್ರಿಜ್ಯ ಅರ್ಧಕ್ಕೆ ಇಳಿದರೆ ಗಾಳಿಯ ಹರಿವಿಗೆ ಆಗುವ ತಡೆ ಎರಡು ಪಟ್ಟಲ್ಲ, ಸುಮಾರು 16 ಪಟ್ಟು ಹೆಚ್ಚುತ್ತದೆ. ದೊಡ್ಡವರಿಗೆ ಬರೀ ನೆಗಡಿಯಾಗಿ ಮುಗಿಯುವ ವೈರಸ್ಸು ಶಿಶುವನ್ನು ಏದುಸಿರು ಬಿಡಿಸುವುದು ಇದರಿಂದಲೇ. ಕಫ ಕಟ್ಟಿಕೊಂಡ ಕೊಳವೆಯ ಸ್ನಾಯುವನ್ನು ಎಷ್ಟೇ ಸಡಿಲಿಸಿದರೂ ಕಫ ಅಲ್ಲೇ ಇರುತ್ತದೆ.

ಚಿಕ್ಕ ಮಕ್ಕಳಿಗೆ ಆ ಔಷಧ ಹಿಡಿಯುವ ಗ್ರಾಹಕಗಳೇ (ಜೀವಕೋಶದ ಮೇಲೆ ಔಷಧ ಅಂಟುವ ತಾಣಗಳು) ಇರುವುದಿಲ್ಲ ಎಂಬ ಮಾತನ್ನು ಆಸ್ಪತ್ರೆಗಳಲ್ಲೂ ಕೇಳುತ್ತೇವೆ. ಅದು ಸರಿಯಲ್ಲ. ಗ್ರಾಹಕಗಳು ಹುಟ್ಟುವಾಗಲೇ ಇರುತ್ತವೆ, ಕೆಲಸವನ್ನೂ ಮಾಡುತ್ತವೆ. ಈ ಕಾಯಿಲೆಯ ಅಡ್ಡಿ ಅಲ್ಲಿಲ್ಲ, ಅಷ್ಟೆ.

ಪ್ರಶ್ನೆ: ಹಾಗೆನ್ನುತ್ತೀರಿ, ಆದರೆ ಕ್ಲಿನಿಕ್‌ನಲ್ಲಿ ನೆಬ್ಯುಲೈಸರ್ ಹಾಕಿದ ಮೇಲೆ ನಮ್ಮ ಏಳು ತಿಂಗಳ ಮಗ ಶಾಂತವಾಗಿ ನಿದ್ದೆ ಮಾಡಿದ. ಕಣ್ಣಾರೆ ಕಂಡದ್ದನ್ನು ಸುಳ್ಳು ಎನ್ನುವುದು ಹೇಗೆ?

ಉತ್ತರ: ನೀವು ಕಂಡದ್ದು ಸುಳ್ಳಲ್ಲ. ಅದನ್ನು ಔಷಧದ ಖಾತೆಗೆ ಹಾಕಬಹುದೇ ಎಂಬುದು ಪ್ರಶ್ನೆ. ಬ್ರಾಂಕಿಯೋಲೈಟಿಸ್ ಗಂಟೆಗಂಟೆಗೂ ಏರಿಳಿಯುವ ಕಾಯಿಲೆ. ಮೂಗಿನಲ್ಲಿದ್ದ ಸಿಂಬಳ ಹೊರಬಂದರೆ ಅಥವಾ ಒಂದು ಕೆಮ್ಮಿಗೆ ಕಫದ ಗಂಟು ಜರುಗಿದರೆ ಮಗು ಹಗುರಾಗುತ್ತದೆ. ನೆಬ್ಯುಲೈಸರ್ ಹಾಕುವಾಗ ಮಗುವನ್ನು ನೆಟ್ಟಗೆ ಎತ್ತಿ ಕೂರಿಸಿಕೊಳ್ಳುತ್ತೀರಿ, ತೇವದ ಗಾಳಿ ಮೂಗಿಗೆ ಹೋಗುತ್ತದೆ, ಅತ್ತು ಕೆಮ್ಮಿ ಕಫ ಸಡಿಲಾಗುತ್ತದೆ, ಅತ್ತು ದಣಿದದ್ದಕ್ಕೆ ನಿದ್ದೆಯೂ ಬರುತ್ತದೆ. ಮಂಜಿನಲ್ಲಿ ಬರೀ ಉಪ್ಪುನೀರಿದ್ದರೂ ಇಷ್ಟು ಆಗುತ್ತದೆ.

ಇದನ್ನು ಬೇರ್ಪಡಿಸಿ ನೋಡಲೆಂದೇ ಪ್ರಯೋಗಗಳು ನಡೆದಿವೆ. ಅರ್ಧ ಮಕ್ಕಳಿಗೆ ಔಷಧ, ಉಳಿದರ್ಧಕ್ಕೆ ಸಲೈನ್, ಅಂದರೆ ಉಪ್ಪುನೀರು. ಯಾರಿಗೆ ಯಾವುದು ಎಂದು ಕೊಡುವವರಿಗೂ ತಿಳಿಯದಂತೆ. ಇಂಥ 30 ಪ್ರಯೋಗಗಳ, ಸುಮಾರು ಎರಡು ಸಾವಿರ ಶಿಶುಗಳ ಫಲಿತಾಂಶವನ್ನು ಕಾಕ್ರೇನ್ ಸಂಸ್ಥೆ 2014ರಲ್ಲಿ ಒಟ್ಟುಗೂಡಿಸಿ ನೋಡಿತು. ಶ್ವಾಸನಾಳ ಹಿಗ್ಗಿಸುವ ಔಷಧಗಳಿಂದ ರಕ್ತದ ಆಮ್ಲಜನಕ ಏರಲಿಲ್ಲ, ಆಸ್ಪತ್ರೆ ಸೇರುವವರ ಪ್ರಮಾಣ ಇಳಿಯಲಿಲ್ಲ, ಆಸ್ಪತ್ರೆಯ ದಿನಗಳೂ ಕಡಿಮೆಯಾಗಲಿಲ್ಲ. ನಾರ್ವೆಯಲ್ಲಿ 404 ಶಿಶುಗಳ ಮೇಲೆ ನಡೆದು 2013ರಲ್ಲಿ ಪ್ರಕಟವಾದ ಪ್ರಯೋಗ ಇನ್ನೂ ಕುತೂಹಲದ್ದು. ಅಲ್ಲಿ ಅಡ್ರಿನಲಿನ್ ಮಂಜು ಉಪ್ಪುನೀರಿಗಿಂತ ಮೇಲೇನೂ ಆಗಲಿಲ್ಲ. ಅದಕ್ಕಿಂತ ಮುಖ್ಯವಾಗಿ, ಗಡಿಯಾರ ನೋಡಿಕೊಂಡು ಇಷ್ಟು ಗಂಟೆಗೊಮ್ಮೆ ಮಂಜು ಕೊಟ್ಟ ಮಕ್ಕಳಿಗಿಂತ, ಬೇಕೆನಿಸಿದಾಗ ಮಾತ್ರ ಕೊಟ್ಟ ಮಕ್ಕಳು ಬೇಗ ಮನೆಗೆ ಹೋದರು. ನಿದ್ದೆ ಮಾಡುತ್ತಿದ್ದ ಮಗುವನ್ನು ಎಬ್ಬಿಸಿ ಮಾಸ್ಕ್ ಹಾಕುವುದೇ ಮಗುವಿಗೆ ಹೊರೆ ಇರಬಹುದು ಎಂದು ನಮಗನಿಸುತ್ತದೆ.

ಅಮೆರಿಕದ ಮಕ್ಕಳ ವೈದ್ಯರ ಸಂಘವಾದ ಅಮೆರಿಕನ್ ಅಕಾಡೆಮಿ ಆಫ್ ಪೀಡಿಯಾಟ್ರಿಕ್ಸ್ 2006ರಲ್ಲಿ 'ಒಮ್ಮೆ ಕೊಟ್ಟು ನೋಡಿ, ಗುಣ ಕಂಡರೆ ಮುಂದುವರಿಸಿ' ಎಂಬುದಕ್ಕೆ ಅವಕಾಶ ಇಟ್ಟಿತ್ತು. 2014ರ ಮಾರ್ಗಸೂಚಿಯಲ್ಲಿ ಅದನ್ನೂ ತೆಗೆದುಹಾಕಿತು. ಬ್ರಿಟನ್ನಿನಲ್ಲಿ ಚಿಕಿತ್ಸೆಯ ಮಾರ್ಗಸೂಚಿ ರೂಪಿಸುವ ನೈಸ್ ಸಂಸ್ಥೆ 2015ರಲ್ಲಿ ಹೇಳಿದ್ದೂ ಅದನ್ನೇ: ಸಾಲ್ಬುಟಮಾಲ್, ಅಡ್ರಿನಲಿನ್, ಇಪ್ರಾಟ್ರೋಪಿಯಂ (ಇದೂ ಶ್ವಾಸನಾಳ ಹಿಗ್ಗಿಸುವ ಔಷಧ) ಬೇಡ, ಸ್ಟಿರಾಯ್ಡ್, ಅಸ್ತಮಾಕ್ಕೆ ಕೊಡುವ ಮಾಂಟೆಲುಕಾಸ್ಟ್ ಬೇಡ, ಆಂಟಿಬಯಾಟಿಕ್ಕೂ ಬೇಡ.

'ಕೊಟ್ಟರೆ ನಷ್ಟವೇನು' ಎಂದು ಕೇಳುವವರಿಗೂ ಉತ್ತರ ಇದೆ. ಸಾಲ್ಬುಟಮಾಲ್ ಎದೆಬಡಿತವನ್ನು ಏರಿಸುತ್ತದೆ, ಮಗು ನಡುಗುತ್ತದೆ, ಕಿರಿಕಿರಿ ಮಾಡುತ್ತದೆ. ಕೆಲವು ಮಕ್ಕಳಲ್ಲಿ ಆಮ್ಲಜನಕದ ಮಟ್ಟ ಸ್ವಲ್ಪ ಹೊತ್ತು ಇಳಿಯುವುದೂ ಉಂಟು. ಗಾಳಿ ಸರಿಯಾಗಿ ತಲುಪದ ಭಾಗಗಳಿಗೂ ಔಷಧ ರಕ್ತವನ್ನು ಹರಿಸುವುದರಿಂದ ಹೀಗಾಗುತ್ತದೆ.

ಪ್ರಶ್ನೆ: ಆಸ್ಪತ್ರೆಯಲ್ಲಿ ದಾಖಲಾಗಿದ್ದಾಗ 3% ಸಲೈನ್ ನೆಬ್ಯುಲೈಸ್ ಮಾಡಿದರು. ಅದನ್ನು ಮನೆಯಲ್ಲೂ ಮಾಡಬಹುದೇ?

ಉತ್ತರ: ಮಾಡಬೇಡಿ. ಸಾಮಾನ್ಯ ಸಲೈನ್ 0.9%, ಅಂದರೆ ನಮ್ಮ ದೇಹದ ದ್ರವಗಳಷ್ಟೇ ಉಪ್ಪಿನದು. 3% ಅದಕ್ಕಿಂತ ಮೂರು ಪಟ್ಟಿಗೂ ಹೆಚ್ಚು ಗಟ್ಟಿ. ಅದು ಊದಿಕೊಂಡ ಗೋಡೆಯಿಂದ ನೀರನ್ನು ಸೆಳೆದು ಕಫವನ್ನು ತೆಳುಮಾಡುತ್ತದೆ ಎಂಬುದು ಅದರ ಹಿಂದಿನ ತರ್ಕ. ಆಸ್ಪತ್ರೆಗಳಲ್ಲಿ ಸಾಮಾನ್ಯವಾಗಿ ಒಂದು ಸಲಕ್ಕೆ 4 ಮಿ.ಲೀ. ಬಳಸುತ್ತಾರೆ. ಮೊದಮೊದಲ ಪ್ರಯೋಗಗಳು ಆಸೆ ಹುಟ್ಟಿಸಿದವು. ಆಮೇಲೆ ಬ್ರಿಟನ್ನಿನಲ್ಲಿ (2014) ಮತ್ತು ಫ್ರಾನ್ಸಿನಲ್ಲಿ (2017) ನಡೆದ ದೊಡ್ಡ ಪ್ರಯೋಗಗಳಲ್ಲಿ ಲಾಭ ಕಾಣಲಿಲ್ಲ. ಫ್ರಾನ್ಸಿನದರಲ್ಲಿ ಕೆಮ್ಮು ಹೆಚ್ಚುವಂಥ ಸಣ್ಣಪುಟ್ಟ ತೊಂದರೆಗಳು ಜಾಸ್ತಿಯಾದವು. ಅಮೆರಿಕದ ಮಾರ್ಗಸೂಚಿ ದಾಖಲಾದ ಮಕ್ಕಳಿಗೆ ಕೊಡಬಹುದು ಎನ್ನುತ್ತದೆ, ಬ್ರಿಟನ್ನಿನದು ಬೇಡ ಎನ್ನುತ್ತದೆ. ಪಂಡಿತರೇ ಎರಡು ಪಾಲಾಗಿರುವ ಔಷಧ ಇದು. ಗಟ್ಟಿ ಉಪ್ಪುನೀರು ಕೆಲವು ಮಕ್ಕಳ ಶ್ವಾಸನಾಳವನ್ನು ತಟ್ಟನೆ ಬಿಗಿಸಬಲ್ಲದು, ಆಗ ಪಕ್ಕದಲ್ಲಿ ಆಮ್ಲಜನಕ ಮತ್ತು ನೋಡಿಕೊಳ್ಳುವವರು ಇರಬೇಕು.

ಪ್ರಶ್ನೆ: ಪರಿಚಯದವರ ಮಗುವಿಗೆ ಉಸಿರು ಕಟ್ಟಿದಾಗ ಅಡ್ರಿನಲಿನ್ ನೆಬ್ಯುಲೈಸ್ ಮಾಡಿದ ಕೂಡಲೇ ಸರಿಹೋಯಿತಂತೆ.

ಉತ್ತರ: ಅದು ಬಹುಶಃ ಕ್ರೂಪ್. ಅಲ್ಲಿ ಊತ ಇರುವುದು ಗಂಟಲಿನ ಧ್ವನಿಪೆಟ್ಟಿಗೆಯ ಬಳಿ. ನಾಯಿ ಬೊಗಳಿದಂಥ ಕೆಮ್ಮು, ಉಸಿರು ಒಳಗೆ ಎಳೆಯುವಾಗ ಕರ್ಕಶ ಸದ್ದು. ಅಡ್ರಿನಲಿನ್ ಆ ಊತವನ್ನು ಬೇಗ ಇಳಿಸುತ್ತದೆ. ಆದರೆ ಪರಿಣಾಮ ಎರಡು ಗಂಟೆಯ ಹೊತ್ತಿಗೆ ಕರಗುವುದರಿಂದ ಮಗುವನ್ನು ಕೆಲವು ಗಂಟೆ ಆಸ್ಪತ್ರೆಯಲ್ಲೇ ಇಟ್ಟುಕೊಳ್ಳುತ್ತಾರೆ. ಬ್ರಾಂಕಿಯೋಲೈಟಿಸ್‌ನ ಸದ್ದು ಉಸಿರು ಬಿಡುವಾಗ, ಎದೆಯ ಆಳದಿಂದ ಬರುತ್ತದೆ.

ಪ್ರಶ್ನೆ: ಮನೆಯಲ್ಲಿ ಬ್ಯುಡೆಸೊನೈಡ್ ರೆಸ್ಪ್ಯೂಲ್ ಉಳಿದಿದೆ. ಉರಿಯೂತ ಎಂದಮೇಲೆ ಅದು ಕೆಲಸ ಮಾಡಬೇಕಲ್ಲ?

ಉತ್ತರ: ಮಾಡುವುದಿಲ್ಲ. ಈ ವೈರಸ್ಸಿನ ಉರಿಯೂತಕ್ಕೆ ಬ್ಯುಡೆಸೊನೈಡ್‌ನಂಥ ಸ್ಟಿರಾಯ್ಡ್, ಮಂಜಿನ ರೂಪದಲ್ಲಾಗಲಿ ಬಾಯಿಂದಾಗಲಿ, ಪ್ರಯೋಜನಕ್ಕೆ ಬಂದಿಲ್ಲ. ಉಳಿದ ಔಷಧವನ್ನು ಇನ್ನೊಂದು ಕಾಯಿಲೆಗೆ ಬಳಸಬೇಡಿ.

ಪ್ರಶ್ನೆ: ಹಾಗಾದರೆ ಮನೆಯಲ್ಲಿ ಮಾಡಬೇಕಾದ್ದೇನು? 'ಕಾದು ನೋಡಿ' ಎಂದಷ್ಟೇ ಹೇಳಿದರೆ ಕೈಕಟ್ಟಿ ಕೂತಂತೆ ಆಗುತ್ತದೆ.

ಉತ್ತರ: ಕೈಕಟ್ಟಿ ಕೂರುವ ಕೆಲಸವಲ್ಲ ಇದು. ಕೆಲಸ ಎರಡೇ, ಆದರೆ ದಿನವಿಡೀ ಇರುತ್ತವೆ: ಮೂಗು ತೆರೆದಿಡುವುದು, ಹಾಲು ಒಳಗೆ ಹೋಗುವಂತೆ ನೋಡಿಕೊಳ್ಳುವುದು.

ಎಳೆಯ ಮಕ್ಕಳು ಹೆಚ್ಚಾಗಿ ಮೂಗಿನಿಂದಲೇ ಉಸಿರಾಡುತ್ತವೆ. ಮೂಗು ಕಟ್ಟಿದರೆ ಹಾಲು ಕುಡಿಯುತ್ತ ಉಸಿರಾಡುವುದು ಸಾಧ್ಯವೇ ಆಗುವುದಿಲ್ಲ. ಮಗುವನ್ನು ಅಂಗಾತ, ತಲೆ ಸ್ವಲ್ಪ ಎತ್ತರವಾಗಿ ಮಲಗಿಸಿಕೊಳ್ಳಿ. ಒಂದೊಂದು ಹೊಳ್ಳೆಗೆ 0.9% ಸಲೈನ್ ಎರಡು ಮೂರು ಹನಿ ಹಾಕಿ ಒಂದು ನಿಮಿಷ ಬಿಡಿ, ಒಣಗಿದ್ದು ನೆನೆಯಲಿ. ರಬ್ಬರ್ ಬಲ್ಬ್ ಬಳಸುವುದಾದರೆ ಮೊದಲು ಬಲ್ಬನ್ನು ಹಿಸುಕಿ, ಹಿಸುಕಿದ ಹಾಗೇ ತುದಿಯನ್ನು ಹೊಳ್ಳೆಯ ಬಾಯಿಗೆ ಇಟ್ಟು, ಆಮೇಲೆ ನಿಧಾನಕ್ಕೆ ಬಿಡಬೇಕು. ಮೂಗಿನೊಳಗಿಟ್ಟು ಹಿಸುಕಿದರೆ ಸಿಂಬಳ ಇನ್ನೂ ಒಳಗೆ ಹೋಗುತ್ತದೆ. ಹೆಚ್ಚಿನವರು ಎಡವುವುದು ಇಲ್ಲೇ. ತುದಿಯನ್ನು ನೇರ ಮೇಲಕ್ಕೆ ತೂರಿಸದೆ ಕಿವಿಯ ದಿಕ್ಕಿಗೆ ಸ್ವಲ್ಪ ಓರೆಯಾಗಿ ಇಡಿ, ಆಳಕ್ಕೆ ನುಗ್ಗಿಸಬೇಡಿ. ಆಳದವರೆಗೆ ಕೊಳವೆ ಇಳಿಸಿ ಪದೇಪದೇ ಸಕ್ಷನ್ ಮಾಡಿಸಿಕೊಂಡ ಮಕ್ಕಳು ಆಸ್ಪತ್ರೆಯಲ್ಲಿ ಹೆಚ್ಚು ದಿನ ಉಳಿಯುತ್ತಾರೆಂದು ಅಧ್ಯಯನಗಳಲ್ಲಿ ಕಂಡಿದೆ. ಒಳಪದರ ಗೀರಿ ಮತ್ತಷ್ಟು ಊದಿಕೊಳ್ಳುತ್ತದೆ. ಹಾಲು ಕೊಡುವ ಮುಂಚೆ ಮತ್ತು ಮಲಗಿಸುವ ಮುಂಚೆ ಮಾಡಿದರೆ ಸಾಕು. ಹಾಲು ಕುಡಿದ ಕೂಡಲೇ ಮಾಡಿದರೆ ವಾಂತಿ ಖಂಡಿತ.

ಇನ್ನು ಹಾಲು. ಒಂದೇ ಸಲ ಹೊಟ್ಟೆ ತುಂಬಿಸಲು ಹೋಗಬೇಡಿ. ಉಬ್ಬಿದ ಹೊಟ್ಟೆ ವಪೆಯನ್ನು (ಎದೆ ಹೊಟ್ಟೆಗಳ ನಡುವಿನ ಉಸಿರಾಟದ ಸ್ನಾಯು) ಮೇಲಕ್ಕೆ ಒತ್ತಿ ಉಸಿರನ್ನು ಇನ್ನೂ ಕಷ್ಟ ಮಾಡುತ್ತದೆ. ಎಂದಿನ ಪ್ರಮಾಣದ ಅರ್ಧ, ಆದರೆ ಎರಡು ಪಟ್ಟು ಸಲ. ಎದೆಹಾಲು ಕುಡಿಯುವ ಮಗು ಐದು ನಿಮಿಷಕ್ಕೇ ಬಿಟ್ಟುಬಿಟ್ಟರೆ ಬಿಡಲಿ, ಅರ್ಧ ಗಂಟೆಯಲ್ಲಿ ಮತ್ತೆ ಕೊಡಿ. ಒದ್ದೆಯಾದ ಬಟ್ಟೆ ಅಥವಾ ಡೈಪರ್ ಎಷ್ಟೆಂದು ಲೆಕ್ಕ ಇಡಿ.

ಬಿಸಿನೀರಿನ ಹಬೆ ಬೇಡ. ಅದು ಸಣ್ಣ ಶ್ವಾಸನಾಳದವರೆಗೆ ತಲುಪುವುದಿಲ್ಲ, ಸುಟ್ಟಗಾಯ ಮಾತ್ರ ಖಚಿತವಾಗಿ ತರಬಲ್ಲದು. ಕರ್ಪೂರ, ಮೆಂಥಾಲ್ ಇರುವ ಮುಲಾಮನ್ನು ಎರಡು ವರ್ಷದೊಳಗಿನ ಮಕ್ಕಳಿಗೆ ಹಚ್ಚಬೇಡಿ. ಮನೆಯೊಳಗೆ ಯಾರೂ ಸಿಗರೇಟು ಸೇದದಿರುವುದು ಯಾವ ಔಷಧಕ್ಕಿಂತಲೂ ಹೆಚ್ಚಿನ ಉಪಕಾರ.

ಪ್ರಶ್ನೆ: ನನ್ನ ಮಗನಿಗೆ 20 ತಿಂಗಳು. ನಾಲ್ಕನೇ ಸಲ ಹೀಗೆ ಉಬ್ಬಸ ಬಂದಿದೆ, ಮೈಮೇಲೆ ಎಕ್ಸಿಮಾ (ತುರಿಕೆಯ ಚರ್ಮದ ತೊಂದರೆ) ಇದೆ, ನನಗೂ ಅಸ್ತಮಾ ಇದೆ. ವೈದ್ಯರು ಈ ಸಲ ಸಾಲ್ಬುಟಮಾಲ್ ನೆಬ್ಯುಲೈಸ್ ಮಾಡಲು ಹೇಳಿದ್ದಾರೆ. ಯಂತ್ರ ತಂದಿದ್ದೇವೆ. ಸರಿಯಾಗಿ ಬಳಸುವ ಕ್ರಮ ತಿಳಿಸಿ.

ಉತ್ತರ: ನಿಮ್ಮ ಮಗನ ವಿಷಯ ಬೇರೆ. ವರ್ಷ ದಾಟಿದ, ಮತ್ತೆ ಮತ್ತೆ ಉಬ್ಬಸ ಬರುವ, ಎಕ್ಸಿಮಾ ಅಥವಾ ಮನೆಯವರಿಗೆ ಅಸ್ತಮಾ ಇರುವ ಮಕ್ಕಳಲ್ಲಿ ಸ್ನಾಯು ಬಿಗಿಯುವ ಪಾಲು ದೊಡ್ಡದಿರುತ್ತದೆ, ಔಷಧಕ್ಕೆ ಕೆಲಸ ಇರುತ್ತದೆ. ಇನ್ನು ಅದು ಎದೆಗೆ ತಲುಪಬೇಕು.

ಮೊದಲು ಔಷಧದ ಲೇಬಲ್ ಓದಿ. ಸಾಲ್ಬುಟಮಾಲ್ ಎರಡು ರೂಪದಲ್ಲಿ ಸಿಗುತ್ತದೆ. ಪ್ಲಾಸ್ಟಿಕ್ಕಿನ ಸಣ್ಣ ರೆಸ್ಪ್ಯೂಲ್‌ನಲ್ಲಿ ಸಾಮಾನ್ಯವಾಗಿ 2.5 ಮಿ.ಲೀ.ಗೆ 2.5 ಮಿ.ಗ್ರಾಂ. ಇರುತ್ತದೆ, ಬರೆದ ಡೋಸ್ ಅಷ್ಟೇ ಇದ್ದರೆ ಅಳೆಯದೆ ಪೂರ್ತಿ ಕಪ್‌ಗೆ ಹಾಕಬಹುದು. ಬಾಟಲಿಯಲ್ಲಿ ಬರುವ ದ್ರಾವಣ ಒಂದು ಮಿ.ಲೀ.ಗೆ 5 ಮಿ.ಗ್ರಾಂ. ಇರುವ ಗಟ್ಟಿಯದು, ಅದರ ಅರ್ಧ ಮಿ.ಲೀ.ಯೇ 2.5 ಮಿ.ಗ್ರಾಂ. ಈ ಬಾಟಲಿಯಿಂದ 2.5 ಮಿ.ಲೀ. ಅಳೆದು ಹಾಕಿದರೆ ಮಗುವಿಗೆ ಐದು ಪಟ್ಟು ಔಷಧ ಬೀಳುತ್ತದೆ. ವೈದ್ಯರು ಬರೆದಿರುವುದು ಮಿ.ಗ್ರಾಂ. ಲೆಕ್ಕವೋ ಮಿ.ಲೀ. ಲೆಕ್ಕವೋ ಎಂಬುದನ್ನು ಅಂಗಡಿಯಲ್ಲೇ ಕೇಳಿ ಖಚಿತ ಮಾಡಿಕೊಳ್ಳಿ, ಸೂಜಿಯಿಲ್ಲದ 1 ಮಿ.ಲೀ. ಸಿರಿಂಜಿನಲ್ಲಿ ಅಳೆಯಿರಿ.

ಔಷಧದ ಕಪ್‌ನಲ್ಲಿ ಒಟ್ಟು ದ್ರವ 3ರಿಂದ 4 ಮಿ.ಲೀ. ಇರಬೇಕು. ಕಂಪ್ರೆಸರಿನ ನೆಬ್ಯುಲೈಸರುಗಳಲ್ಲಿ ಕೊನೆಗೆ ಸುಮಾರು ಒಂದು ಮಿ.ಲೀ.ಯಷ್ಟು ಗೋಡೆಗೆ ಅಂಟಿಕೊಂಡು ಉಳಿದೇ ಉಳಿಯುತ್ತದೆ. ಎರಡೇ ಮಿ.ಲೀ. ಹಾಕಿದರೆ ಅರ್ಧ ಔಷಧ ಕಪ್‌ನಲ್ಲೇ ಕೂರುತ್ತದೆ. ಕಡಿಮೆ ಬಿದ್ದುದನ್ನು ವೈದ್ಯರು ಹೇಳಿದಂತೆ 0.9% ಸ್ಟೆರೈಲ್ ಸಲೈನ್‌ನಿಂದ ತುಂಬಿಸಿ. ನಲ್ಲಿ ನೀರು, ಕುದಿಸಿ ಆರಿಸಿದ ನೀರು, ಡಿಸ್ಟಿಲ್ಡ್ ವಾಟರ್ ಯಾವುದೂ ಬೇಡ: ಉಪ್ಪಿಲ್ಲದ ನೀರಿನ ಮಂಜು ತಾನೇ ಶ್ವಾಸನಾಳವನ್ನು ಬಿಗಿಸುತ್ತದೆ, ನಲ್ಲಿ ನೀರಿನಲ್ಲಿ ರೋಗಾಣುಗಳೂ ಇರಬಹುದು. ಒಂದಕ್ಕಿಂತ ಹೆಚ್ಚು ಔಷಧವನ್ನು ಕೇಳದೆ ಬೆರೆಸಬೇಡಿ.

ಕೈ ತೊಳೆದು, ಕಪ್ ಜೋಡಿಸಿ. ಕಪ್‌ನೊಳಗೆ ಒಂದು ಸಣ್ಣ ಬಿಡಿ ಭಾಗ ಇರುತ್ತದೆ, ತೊಳೆದಾಗ ಸಿಂಕಿನಲ್ಲಿ ಕಳೆದುಹೋಗುವುದು ಅದೇ. ಅದನ್ನು ಕೂರಿಸದಿದ್ದರೆ ಯಂತ್ರ ಎಷ್ಟೇ ಗುಂಯ್‌ಗುಟ್ಟಿದರೂ ಮಂಜು ಏಳುವುದಿಲ್ಲ. ಕಂಪ್ರೆಸರನ್ನು ಗಟ್ಟಿ, ಒಣ ಮೇಜಿನ ಮೇಲಿಡಿ. ಹಾಸಿಗೆಯ ಮೇಲಿಟ್ಟರೆ ಗಾಳಿ ಹೋಗುವ ಕಿಂಡಿ ಮುಚ್ಚಿ ಬಿಸಿಯಾಗುತ್ತದೆ.

ಮಗುವನ್ನು ತೊಡೆಯ ಮೇಲೆ ನೆಟ್ಟಗೆ, ಅದರ ಬೆನ್ನು ನಿಮ್ಮ ಎದೆಗೆ ತಾಗುವಂತೆ ಕೂರಿಸಿಕೊಳ್ಳಿ. ಕಪ್ ನೆಟ್ಟಗಿರಲಿ, ಹೆಚ್ಚು ವಾಲಿದರೆ ಔಷಧ ಮೇಲೇರುವ ದಾರಿ ತಪ್ಪಿ ಮಂಜು ನಿಂತುಹೋಗುತ್ತದೆ. ಮಾಸ್ಕ್ ಮೂಗು ಬಾಯಿ ಎರಡನ್ನೂ ಮುಚ್ಚಿ ಕೆನ್ನೆಗೆ ಅಂಟಿಕೊಳ್ಳಬೇಕು, ಶಿಶುವಿಗೆ ಶಿಶುವಿನ ಅಳತೆಯದೇ ಆಗಬೇಕು. ಮಗು ಅಳುತ್ತದೆಂದು ಮಾಸ್ಕನ್ನು ಮುಖದ ಮುಂದೆ ದೂರ ಹಿಡಿದು ಮಂಜು ಊದುವವರು ಬಹಳ. ಒಂದು ಸೆಂ.ಮೀ. ಅಂತರ ಬಿದ್ದರೇ ಒಳಗೆ ಹೋಗುವ ಔಷಧ ಸುಮಾರು ಅರ್ಧಕ್ಕೆ ಇಳಿಯುತ್ತದೆ, ಎರಡು ಸೆಂ.ಮೀ. ಆದರೆ ಉಳಿಯುವುದು ಅತ್ಯಲ್ಪ. ಅಳುವ ಮಗುವಿಗೆ ಬಲವಂತವಾಗಿ ಒತ್ತಿ ಹಿಡಿದರೂ ಪ್ರಯೋಜನವಿಲ್ಲ. ಅಳುವಾಗ ಉಸಿರು ಉದ್ದಕ್ಕೆ ಹೊರಬರುತ್ತದೆ, ಗಕ್ಕನೆ ಒಳಗೆಳೆದುಕೊಂಡದ್ದು ಗಂಟಲಿಗೆ ಬಡಿದು ಹೊಟ್ಟೆ ಸೇರುತ್ತದೆ. 'ಅಳುವಾಗ ಚೆನ್ನಾಗಿ ಉಸಿರೆಳೆದುಕೊಳ್ಳುತ್ತದೆ, ಒಳ್ಳೆಯದೇ' ಎಂಬ ನಂಬಿಕೆ ಬಿಟ್ಟುಬಿಡಿ. ನಿಲ್ಲಿಸಿ, ಸಮಾಧಾನ ಮಾಡಿ, ಮತ್ತೆ ಶುರುಮಾಡಿ. ಯಂತ್ರ ಓಡಿಸದೆ ಮಾಸ್ಕನ್ನು ಆಟದ ಸಾಮಾನಿನಂತೆ ಕೊಟ್ಟು ರೂಢಿ ಮಾಡಿಸಿದರೆ ಕೆಲಸ ಸುಲಭ.

ಐದರಿಂದ ಹತ್ತು ನಿಮಿಷದಲ್ಲಿ ಕಪ್ ಚಿಟಪಟ ಎನ್ನತೊಡಗುತ್ತದೆ. ಬೆರಳಿನಿಂದ ಎರಡು ಮೂರು ಸಲ ತಟ್ಟಿ, ಗೋಡೆಯ ಹನಿ ಕೆಳಗಿಳಿಯುತ್ತದೆ. ಮತ್ತೊಂದು ನಿಮಿಷ ಓಡಿಸಿ ನಿಲ್ಲಿಸಿ. ಕೊನೆಯ ಹನಿ ಆರುವವರೆಗೆ ಕಾಯಬೇಕಿಲ್ಲ. ಬ್ಯುಡೆಸೊನೈಡ್ ಕೊಟ್ಟಿದ್ದರೆ ಮುಖ ಒರೆಸಿ ಬಾಯಿಗೆ ಸ್ವಲ್ಪ ನೀರು ಅಥವಾ ಹಾಲು ಕೊಡಿ. ಇಪ್ರಾಟ್ರೋಪಿಯಂ ಇದ್ದರೆ ಮಂಜು ಕಣ್ಣಿಗೆ ಹೋಗದಂತೆ ನೋಡಿಕೊಳ್ಳಿ, ಪಾಪೆ ಹಿಗ್ಗುತ್ತದೆ.

ಇಷ್ಟೆಲ್ಲ ಹೇಳಿದ ಮೇಲೆ ಒಂದು ಮಾತು. ಮಾಸ್ಕ್ ಇರುವ ಸ್ಪೇಸರ್ (ಇನ್‌ಹೇಲರ್‌ಗೆ ಜೋಡಿಸುವ ಅಗಲ ಕೊಳವೆ) ಮತ್ತು ಇನ್‌ಹೇಲರ್ ಸರಿಯಾಗಿ ಬಳಸಿದರೆ ಉಬ್ಬಸಕ್ಕೆ ನೆಬ್ಯುಲೈಸರ್‌ಗಿಂತ ಕಡಿಮೆಯೇನಲ್ಲ, ಎದೆಬಡಿತ ಏರುವುದು ಕಡಿಮೆ, ಕರೆಂಟೂ ಬೇಡ. ಯಂತ್ರದ ಸದ್ದು ದೊಡ್ಡದೆಂದು ಅದರ ಚಿಕಿತ್ಸೆಯೂ ದೊಡ್ಡದಲ್ಲ. ಮುಂದಿನ ಭೇಟಿಯಲ್ಲಿ ವೈದ್ಯರನ್ನು ಕೇಳಿ.

ಪ್ರಶ್ನೆ: ಮೊದಲು ಎಂಟು ನಿಮಿಷಕ್ಕೆ ಮುಗಿಯುತ್ತಿದ್ದದ್ದು ಈಗ ಇಪ್ಪತ್ತೈದು ನಿಮಿಷ ಹಿಡಿಯುತ್ತದೆ. ಯಂತ್ರ ಹಾಳಾಗಿದೆಯೇ?

ಉತ್ತರ: ಬಹಳ ಸಲ ಹಾಳಾಗಿರುವುದು ಯಂತ್ರವಲ್ಲ, ಕಪ್. ಗಾಳಿ ಚಿಮ್ಮುವ ಸಣ್ಣ ರಂಧ್ರದಲ್ಲಿ ಔಷಧದ ಉಪ್ಪು ಕಟ್ಟಿಕೊಂಡಿರುತ್ತದೆ, ಅಥವಾ ಬಳಸಿ ಬಳಸಿ ಸವೆದಿರುತ್ತದೆ. ಪಿನ್ನು ಹಾಕಿ ಕೆರೆಯಬೇಡಿ, ರಂಧ್ರದ ಅಳತೆ ಕೆಟ್ಟರೆ ಹನಿಯ ಗಾತ್ರವೂ ಕೆಡುತ್ತದೆ. ಒಳಕ್ಕೆ ಹೋಗಬೇಕಾದ ಹನಿ 1ರಿಂದ 5 ಮೈಕ್ರಾನ್ ಇರಬೇಕು. ಅದಕ್ಕಿಂತ ದೊಡ್ಡವು ಮೂಗು ಗಂಟಲಲ್ಲೇ ಕೂರುತ್ತವೆ. ಹೊಸ ಕಪ್ ಹಾಕಿ ನೋಡಿ. ಆಗಲೂ ನಿಧಾನವಾದರೆ ಕಂಪ್ರೆಸರಿನ ಗಾಳಿ ಫಿಲ್ಟರ್ ತೆಗೆದು ನೋಡಿ: ಬೂದುಬಣ್ಣಕ್ಕೆ ತಿರುಗಿದ್ದರೆ ಬದಲಿಸಿ, ತೊಳೆದು ಮತ್ತೆ ಹಾಕಬೇಡಿ. ಟ್ಯೂಬ್ ಎಲ್ಲಾದರೂ ಮಡಚಿದೆಯೇ, ಎರಡೂ ತುದಿ ಬಿಗಿಯಾಗಿ ಕೂತಿವೆಯೇ ಎಂದು ನೋಡಿ. ಇದೆಲ್ಲ ಸರಿಯಿದ್ದೂ ಮಂಜು ಮಂದವಾದರೆ ಪಂಪ್ ಸೋತಿದೆ ಎಂದರ್ಥ. ಕಪ್‌ಗೆ ನಿಮಿಷಕ್ಕೆ 6ರಿಂದ 8 ಲೀಟರ್ ಗಾಳಿ ಸಿಗಬೇಕು.

ಕೈಯಲ್ಲಿ ಹಿಡಿಯುವ ಮೆಶ್ ಯಂತ್ರವಾದರೆ ಜಾಲರಿಯ ತೂತುಗಳು ಕಟ್ಟಿರುತ್ತವೆ. ಅದನ್ನು ಬೆರಳಿನಿಂದಾಗಲಿ ಹತ್ತಿಯಿಂದಾಗಲಿ ಮುಟ್ಟಬಾರದು. ಕಂಪನದಿಂದ ಮಂಜು ಮಾಡುವ ಅಲ್ಟ್ರಾಸೋನಿಕ್ ಯಂತ್ರದಲ್ಲಿ ಬ್ಯುಡೆಸೊನೈಡ್ ಹಾಕಬೇಡಿ. ಅದು ಪೂರ್ತಿ ಕರಗಿದ ಔಷಧವಲ್ಲ, ಪುಡಿಯ ಕಣಗಳು ತೇಲುವ ದ್ರವ, ನೀರು ಮಾತ್ರ ಮಂಜಾಗಿ ಔಷಧ ಹಿಂದುಳಿಯುತ್ತದೆ.

ಪ್ರಶ್ನೆ: ದಿನಕ್ಕೆ ಮೂರು ಸಲ ಕುದಿಸಬೇಕೇ? ಟ್ಯೂಬ್‌ನೊಳಗೆ ನೀರಿನ ಹನಿ ಕಾಣುತ್ತಿದೆ.

ಉತ್ತರ: ಪ್ರತಿ ಸಲ ಉಳಿದ ಔಷಧ ಚೆಲ್ಲಿ, ಕಪ್ ಮತ್ತು ಮಾಸ್ಕನ್ನು ಬಿಸಿನೀರು ಹಾಗೂ ಪಾತ್ರೆ ತೊಳೆಯುವ ಸೋಪಿನಲ್ಲಿ ತೊಳೆದು, ನೀರು ಝಾಡಿಸಿ, ಸ್ವಚ್ಛ ಬಟ್ಟೆಯ ಮೇಲೆ ತೆರೆದಿಟ್ಟು ಒಣಗಲು ಬಿಡಿ. ಒರೆಸುವ ಬಟ್ಟೆಯೇ ಕೊಳಕು ತರುವುದರಿಂದ ಗಾಳಿಗೆ ಒಣಗುವುದು ಮೇಲು. ದಿನಕ್ಕೊಮ್ಮೆ ರೋಗಾಣು ನಿವಾರಣೆ: ತಯಾರಕರು ಕುದಿಸಬಹುದು ಎಂದಿದ್ದರೆ ಐದು ನಿಮಿಷ ಕುದಿಸಿ. ಕುದಿಸಬಾರದ ಕಪ್ ಆದರೆ 70% ಐಸೊಪ್ರೊಪೈಲ್ ಆಲ್ಕೊಹಾಲ್‌ನಲ್ಲಿ ಐದು ನಿಮಿಷ ಅಥವಾ 3% ಹೈಡ್ರೋಜನ್ ಪೆರಾಕ್ಸೈಡ್‌ನಲ್ಲಿ 30 ನಿಮಿಷ ನೆನೆಸಿ, ಸ್ಟೆರೈಲ್ ನೀರಿನಲ್ಲಿ ಜಾಲಿಸಿ. ಇಲ್ಲೂ ತಯಾರಕರ ಕೈಪಿಡಿ ಒಪ್ಪಿದ ವಿಧಾನವೇ ಆಗಬೇಕು. ವಿನೆಗರ್ ಸಾಲದು. ಎಷ್ಟೇ ಸ್ವಚ್ಛ ಮಾಡಿದರೂ ಒದ್ದೆಯಾಗಿ ಡಬ್ಬಿಯಲ್ಲಿ ಮುಚ್ಚಿಟ್ಟರೆ ಮಾಡಿದ್ದೆಲ್ಲ ವ್ಯರ್ಥ.

ಟ್ಯೂಬನ್ನು ತೊಳೆಯುವುದಿಲ್ಲ. ಒಳಗೆ ತೇವ ಕಂಡರೆ ಕಪ್ ಬಿಚ್ಚಿ, ಬರೀ ಟ್ಯೂಬ್ ಜೋಡಿಸಿ ಯಂತ್ರವನ್ನು ಕೆಲವು ನಿಮಿಷ ಓಡಿಸಿ. ಕಪ್ಪು ಚುಕ್ಕೆ ಕಂಡರೆ ಬಿಸಾಡಿ.

ಪ್ರಶ್ನೆ: ಯಾವಾಗ ಆಸ್ಪತ್ರೆಗೆ ಓಡಬೇಕು? ಬೆರಳಿಗೆ ಹಾಕುವ ಆಕ್ಸಿಮೀಟರ್ ನಂಬಬಹುದೇ?

ಉತ್ತರ: ಮಗು ಮಲಗಿದ್ದಾಗ ಅಥವಾ ಶಾಂತವಾಗಿದ್ದಾಗ ಅಂಗಿ ಎತ್ತಿ ಹೊಟ್ಟೆಯ ಏರಿಳಿತವನ್ನು ಪೂರ್ತಿ 60 ಸೆಕೆಂಡು ಎಣಿಸಿ. ಹದಿನೈದು ಸೆಕೆಂಡು ಎಣಿಸಿ ನಾಲ್ಕರಿಂದ ಗುಣಿಸಬೇಡಿ, ಶಿಶುಗಳ ಉಸಿರು ಏಕಪ್ರಕಾರ ಇರುವುದಿಲ್ಲ. ಎರಡು ತಿಂಗಳೊಳಗೆ 60, ಎರಡು ತಿಂಗಳಿಂದ ವರ್ಷದವರೆಗೆ 50, ವರ್ಷ ದಾಟಿದ ಮೇಲೆ 40, ಇಷ್ಟು ಅಥವಾ ಇದಕ್ಕೂ ಹೆಚ್ಚಿದ್ದರೆ ವೇಗದ ಉಸಿರು ಎಂದು ವಿಶ್ವ ಆರೋಗ್ಯ ಸಂಸ್ಥೆಯ ಲೆಕ್ಕ. ಆ ದಿನವೇ ವೈದ್ಯರಿಗೆ ತೋರಿಸಿ. ದಿನದ ಒಟ್ಟು ಹಾಲು ಎಂದಿನದರ ಅರ್ಧಕ್ಕೋ ಮುಕ್ಕಾಲಿಗೋ ಇಳಿದರೂ, 12 ಗಂಟೆ ಮೂತ್ರ ಹೋಗದಿದ್ದರೂ, ಜ್ವರ 39 ಡಿಗ್ರಿ ಸೆಲ್ಸಿಯಸ್ ದಾಟಿದರೂ ಹಾಗೆಯೇ.

ತಡಮಾಡದೆ ಹೊರಡಬೇಕಾದ್ದು: ಉಸಿರು ಬಿಡುವಾಗ ನರಳಿದಂಥ 'ಹ್ಞೂಂ ಹ್ಞೂಂ' ಸದ್ದು, ಪ್ರತಿ ಉಸಿರಿಗೂ ಪಕ್ಕೆ ಆಳವಾಗಿ ಒಳಕ್ಕೆ ಸೆಳೆಯುವುದು, ನಿಮಿಷಕ್ಕೆ 70 ದಾಟಿದ ಉಸಿರು, ತುಟಿ ನಾಲಗೆ ನೀಲಿಗಟ್ಟುವುದು, ನಡುನಡುವೆ ಉಸಿರು ನಿಂತು ಹೋಗುವುದು, ಎಬ್ಬಿಸಿದರೂ ಏಳದ ಮಂಪರು. ಜೋರಾಗಿ ಸದ್ದು ಮಾಡುತ್ತಿದ್ದ ಎದೆ ಮಗು ದಣಿಯುತ್ತಿದ್ದಂತೆ ಸದ್ದಡಗಿದರೆ ಗುಣವಾಯಿತೆಂದು ತಿಳಿಯಬೇಡಿ. ಗಾಳಿ ಆಡುವುದೇ ಕಡಿಮೆಯಾಗಿರಬಹುದು. ಎರಡು ತಿಂಗಳೊಳಗಿನ ಹಾಗೂ ಅವಧಿಗೆ ಮುಂಚೆ ಹುಟ್ಟಿದ ಮಕ್ಕಳಲ್ಲಿ ಕೆಮ್ಮು ಸದ್ದು ಹೆಚ್ಚಿಲ್ಲದೆಯೂ ಉಸಿರು ನಿಲ್ಲಬಹುದು. ಅವರನ್ನೂ, ಹೃದಯ, ಶ್ವಾಸಕೋಶ ಅಥವಾ ರೋಗನಿರೋಧಕ ಶಕ್ತಿಯ ತೊಂದರೆ ಇರುವವರನ್ನೂ ಮನೆಯಲ್ಲಿಟ್ಟು ಕಾಯಬೇಡಿ.

ದೊಡ್ಡವರ ಬೆರಳಿನ ಆಕ್ಸಿಮೀಟರ್ ಶಿಶುವಿನ ಬೆರಳಿಗೆ ಸರಿಯಾಗಿ ಕೂರುವುದಿಲ್ಲ, ತಣ್ಣನೆಯ ಕಾಲು, ಒದ್ದಾಟ ಎಲ್ಲವೂ ಅಂಕಿಯನ್ನು ಕೆಡಿಸುತ್ತವೆ. ಅಂಕಿಯೊಂದನ್ನೇ ನೋಡಿ ತೀರ್ಮಾನಿಸುವುದು ವೈದ್ಯರನ್ನೂ ದಾರಿ ತಪ್ಪಿಸುತ್ತದೆ. ಕೆನಡಾದಲ್ಲಿ ನಡೆದು 2014ರಲ್ಲಿ ಪ್ರಕಟವಾದ ಪ್ರಯೋಗವೊಂದರಲ್ಲಿ ಅರ್ಧ ಮಕ್ಕಳ ನಿಜವಾದ ಅಂಕಿಯನ್ನು, ಉಳಿದವರದನ್ನು ಬೇಕೆಂದೇ ಮೂರು ಅಂಶ ಹೆಚ್ಚಿಸಿ ವೈದ್ಯರಿಗೆ ತೋರಿಸಿದರು. ನಿಜ ಅಂಕಿ ತೋರಿಸಿದ ಗುಂಪಿನಲ್ಲಿ 41%, ಹೆಚ್ಚಿಸಿ ತೋರಿಸಿದ ಗುಂಪಿನಲ್ಲಿ 25% ಮಕ್ಕಳು ಆಸ್ಪತ್ರೆಯಲ್ಲಿ ಉಳಿದರು. ಹಾಗೆಂದು ಆಮ್ಲಜನಕ ಬೇಡವೆಂದಲ್ಲ. ಆರು ವಾರ ದಾಟಿದ ಮಗುವಿಗೆ ಮಟ್ಟ 90ಕ್ಕಿಂತ, ಅದಕ್ಕಿಂತ ಚಿಕ್ಕದಕ್ಕೆ 92ಕ್ಕಿಂತ ಕೆಳಗೇ ನಿಂತರೆ ಕೊಡಬೇಕೆಂಬುದು ಬ್ರಿಟನ್ನಿನ ಈಗಿನ ಮಿತಿ. ಆಸ್ಪತ್ರೆಯಲ್ಲಿ ನಿಜವಾಗಿ ನಡೆಯುವ ಚಿಕಿತ್ಸೆಯೂ ಅದೇ: ಮೂಗಿನ ಕೊಳವೆಯಲ್ಲಿ ಆಮ್ಲಜನಕ, ಬೇಕಾದರೆ ಹೈ ಫ್ಲೋ (ಹೆಚ್ಚು ರಭಸದಲ್ಲಿ ಹರಿಸುವ ಆಮ್ಲಜನಕ), ಕುಡಿಯಲಾರದ ಮಗುವಿಗೆ ಮೂಗಿನ ನಳಿಕೆಯಿಂದ ಹಾಲು ಅಥವಾ ಡ್ರಿಪ್.

ಪ್ರಶ್ನೆ: ಹನ್ನೆರಡು ದಿನವಾಯಿತು, ಮಗು ಆಡುತ್ತದೆ, ಹಾಲು ಕುಡಿಯುತ್ತದೆ, ಆದರೆ ಕೆಮ್ಮು ಬಿಟ್ಟಿಲ್ಲ. ಔಷಧ ಬದಲಿಸಬೇಕೇ?

ಉತ್ತರ: ಬೇಡ. ಕಾಯಿಲೆ ಮೂರರಿಂದ ಐದನೇ ದಿನ ತುತ್ತತುದಿಗೆ ಹೋಗುತ್ತದೆ, ಆಮೇಲೆ ಇಳಿಯುತ್ತದೆ. ಕೆಮ್ಮು ಮಾತ್ರ ಹಟಮಾರಿ. ಉದುರಿದ ರೋಮಗಳು ಮತ್ತೆ ಬೆಳೆಯುವವರೆಗೆ ಕಫ ತೆಗೆಯಲು ಅದೊಂದೇ ದಾರಿ. ಹತ್ತರಲ್ಲಿ ಒಂಬತ್ತು ಮಕ್ಕಳಲ್ಲಿ ಮೂರು ವಾರದೊಳಗೆ ನಿಲ್ಲುತ್ತದೆ. ಅದಕ್ಕೂ ಮುಂದುವರಿದರೆ, ಅಥವಾ ಇಳಿದ ಜ್ವರ ಮತ್ತೆ ಏರಿದರೆ ತೋರಿಸಿ.

ಪ್ರಶ್ನೆ: ನಾನು ಎರಡನೇ ಸಲ ಗರ್ಭಿಣಿ. ಮೊದಲ ಮಗು ಈ ಕಾಯಿಲೆಯಿಂದ ಆಸ್ಪತ್ರೆ ಸೇರಿತ್ತು. ಇದನ್ನು ತಡೆಯಲು ಲಸಿಕೆ ಇಲ್ಲವೇ?

ಉತ್ತರ: ಆರ್‌ಎಸ್‌ವಿ ವೈರಸ್ಸಿನ ಮಟ್ಟಿಗೆ ಈಗ ಎರಡು ದಾರಿಗಳಿವೆ. ಒಂದು, ಗರ್ಭಿಣಿಗೆ ಕೊಡುವ ಲಸಿಕೆ. 2023ರಲ್ಲಿ ಅಮೆರಿಕ ಮತ್ತು ಯುರೋಪಿನಲ್ಲಿ ಒಪ್ಪಿಗೆ ಪಡೆಯಿತು, ಅಮೆರಿಕದಲ್ಲಿ 32ರಿಂದ 36 ವಾರದ ನಡುವೆ ಕೊಡುತ್ತಾರೆ. ತಾಯಿಯಲ್ಲಿ ಹುಟ್ಟಿದ ಪ್ರತಿಕಾಯ ಮಗುವಿಗೆ ದಾಟುತ್ತದೆ. ಇನ್ನೊಂದು, ಹುಟ್ಟಿದ ಮೇಲೆ ಮಗುವಿಗೇ ಕೊಡುವ ನಿರ್ಸೆವಿಮ್ಯಾಬ್ ಎಂಬ ಸಿದ್ಧ ಪ್ರತಿಕಾಯದ ಚುಚ್ಚುಮದ್ದು. ಒಂದೇ ಡೋಸ್ ಕನಿಷ್ಠ ಐದು ತಿಂಗಳು ಕಾಯುತ್ತದೆ. ಸಾಮಾನ್ಯವಾಗಿ ಎರಡರಲ್ಲಿ ಒಂದು ಸಾಕು. ನಿಮಗೆ ಎಷ್ಟು ವಾರ ಎಂಬುದರ ಮೇಲೆ ಆಯ್ಕೆ ನಿಲ್ಲುವುದರಿಂದ ಪ್ರಸೂತಿ ವೈದ್ಯರನ್ನು ಈಗಲೇ ಕೇಳಿ. ದೊಡ್ಡ ಮಗು ನೆಗಡಿಯಾಗಿ ಮನೆಗೆ ಬಂದಾಗ ಕೈ ತೊಳೆಸದೆ ತಂಗಿಯನ್ನೋ ತಮ್ಮನನ್ನೋ ಮುಟ್ಟಲು ಬಿಡಬೇಡಿ. ಈ ವೈರಸ್ ಮೇಜು, ಆಟಿಕೆಗಳ ಮೇಲೆ ಗಂಟೆಗಟ್ಟಲೆ ಬದುಕಿರುತ್ತದೆ.